ಕಾಲ್‌ಶೀಟ್ ಯಾರ ಕೈಲಿತ್ತು? ಪಾರ್ವತಮ್ಮ ನಿರ್ಮಾಪಕಿ ಮಾತ್ರವೋ, ಏಜೆಂಟೂ ಹೌದೋ?

ಲೆಕ್ಕದ ಮೇಷ್ಟ್ರು · ಶನಿವಾರ ರಾತ್ರಿ 9:12

ಮಗಳು ಮುಂಬೈಯಲ್ಲಿ ಕಲಾವಿದರ ಡೇಟ್ಸ್ ನೋಡಿಕೊಳ್ಳುವ ಒಂದು ಕಂಪನಿಗೆ ಸೇರಿದ್ದಾಳೆ. ನಿನ್ನೆ ಫೋನಿನಲ್ಲಿ ಕೇಳಿದಳು, "ಅಪ್ಪಾ, ಕನ್ನಡದಲ್ಲಿ ಟ್ಯಾಲೆಂಟ್ ಏಜೆಂಟ್ ಅಂತ ಯಾರಿದ್ದರು?" ನಾನು ಯೋಚನೆಯೇ ಮಾಡದೆ "ಪಾರ್ವತಮ್ಮ ರಾಜ್‌ಕುಮಾರ್" ಅಂದುಬಿಟ್ಟೆ. ಫೋನ್ ಇಟ್ಟಮೇಲೆ ನನಗೇ ಅನುಮಾನ ಶುರುವಾಯಿತು. ಹೇಳಿದ್ದು ಸರಿಯಾ?

ನಿರ್ಮಾಪಕಿ ಅನ್ನುವುದರಲ್ಲಿ ಎರಡು ಮಾತಿಲ್ಲ. 1975ರ 'ತ್ರಿಮೂರ್ತಿ'ಯಿಂದ ಹಿಡಿದರೆ ಸುಮಾರು 80 ಸಿನಿಮಾ. ಆದರೆ ಅದರ ಜೊತೆಗೇ ಅಣ್ಣಾವ್ರ ಕಾಲ್‌ಶೀಟ್ (ಯಾವ ಚಿತ್ರಕ್ಕೆ ಯಾವ ದಿನ ಅನ್ನುವ ಡೇಟ್ಸ್), ಕತೆ, ಮಾತುಕತೆ, ಯಾರಿಗೆ ಹೂಂ, ಯಾರಿಗೆ ಊಹೂಂ, ಇದೆಲ್ಲ ಅವರು ಮತ್ತು ಅಣ್ಣಾವ್ರ ತಮ್ಮ ವರದಪ್ಪನವರ ಕೈಯಲ್ಲಿತ್ತು ಅಂತ ಎಲ್ಲರೂ ಹೇಳುತ್ತಾರೆ. ಇದು ಏಜೆಂಟ್ ಕೆಲಸವೇ ಅಲ್ವಾ? ಹಾಗಿದ್ದರೆ ನನ್ನ ಪ್ರಶ್ನೆ ಇದು. ಡೇಟ್ಸ್ ಕೊಡುವವರೂ ಅವರೇ, ತಗೊಳ್ಳುವವರೂ ಅವರೇ ಆದಾಗ ಲೆಕ್ಕ ಹೇಗೆ ಹೊಂದುತ್ತದೆ? ಜಗಳಕ್ಕಲ್ಲ, ನಿಜವಾಗಿ ತಿಳಿಯಬೇಕಿದೆ.

ಗಾಜನೂರು ಗಾಳಿ · ರಾತ್ರಿ 9:31

ಮೇಷ್ಟ್ರೇ, ಏಜೆಂಟ್ ಅನ್ನಬೇಡಿ. ಸೈಟು ಮಾರೋರು ಏಜೆಂಟು, ಇನ್ಶೂರೆನ್ಸ್ ಮಾಡಿಸೋರು ಏಜೆಂಟು. ಅವರು ಅಮ್ಮ. ಅಣ್ಣಾವ್ರನ್ನು ಮದುವೆಯಾದದ್ದು 1953ರಲ್ಲಿ, 'ಬೇಡರ ಕಣ್ಣಪ್ಪ' ಬಂದದ್ದು 1954ರಲ್ಲಿ. ಅಂದರೆ ಗಂಡ ಸ್ಟಾರ್ ಆಗುವ ಮೊದಲೇ ಕೈ ಹಿಡಿದವರು. ಸಂಸಾರ ನಡೆಸಿದ್ದಕ್ಕೆ ಕಮಿಷನ್ ಹಚ್ಚುತ್ತೀರಾ?

ಸಾಲಿಗ್ರಾಮದ ಸೊಸೆ · ರಾತ್ರಿ 9:40

ಕೋಪ ಬೇಡ ಗಾಳಿಯವರೇ. ನಾನು ಪಾರ್ವತಮ್ಮನವರ ಊರಿನ ಸೊಸೆ, ನನಗೂ ಅಭಿಮಾನ ಇದೆ. ಆದರೆ ಹೆಂಗಸು ಮಾಡಿದ ಕೆಲಸಕ್ಕೆಲ್ಲ "ಸಂಸಾರ" ಅಂತ ಹೆಸರಿಟ್ಟರೆ ಕೆಲಸದ ಹೆಸರೇ ಅಳಿಸಿಹೋಗುತ್ತದೆ. ವರದಪ್ಪನವರು ಅದನ್ನೇ ಮಾಡಿದಾಗ "ಮ್ಯಾನೇಜ್‌ಮೆಂಟ್" ಅಂತೀವಿ. ಅತ್ತಿಗೆ ಮಾಡಿದರೆ "ಮನೆ ನೋಡಿಕೊಂಡರು" ಅಂತೀವಿ.

ಗಾಜನೂರು ಗಾಳಿ · ರಾತ್ರಿ 9:44

ಇದು ಒಪ್ಪಿದೆ. ಏಜೆಂಟ್ ಅನ್ನೋ ಪದ ಮಾತ್ರ ಗಂಟಲಲ್ಲಿ ಇಳೀತಿಲ್ಲ.

ಟೂರಿಂಗ್ ಟಾಕೀಸ್ · ರಾತ್ರಿ 10:20

ಸ್ವಲ್ಪ ಉದ್ದ ಬರೆಯುತ್ತೇನೆ, ಸಹಿಸಿಕೊಳ್ಳಿ. ನಮ್ಮ ಚಿಕ್ಕಪ್ಪ ತುರುವೇಕೆರೆ ಕಡೆ ಟೂರಿಂಗ್ ಟಾಕೀಸ್ ಇಟ್ಟಿದ್ದರು. ನಾನು ಶಾಲೆ ಬಿಟ್ಟಮೇಲೆ ಅಲ್ಲೇ ಬಿದ್ದಿರುತ್ತಿದ್ದೆ. ವ್ಯವಹಾರ ಕಣ್ಣಾರೆ ಕಂಡದ್ದು, ಪುಸ್ತಕದಲ್ಲಿ ಓದಿದ್ದಲ್ಲ.

ಕಾಲ್‌ಶೀಟ್ ಅಂದರೆ ಏನು ಅಂತ ಮೊದಲು ಅರ್ಥ ಮಾಡಿಕೊಳ್ಳಬೇಕು. ಅದು ಬರೀ ತಾರೀಖಿನ ಪಟ್ಟಿ ಅಲ್ಲ. ಆ ಕಾಲದಲ್ಲಿ ಕನ್ನಡ ನಿರ್ಮಾಪಕನ ಹತ್ತಿರ ಪೂರ್ತಿ ದುಡ್ಡು ಎಲ್ಲಿರುತ್ತಿತ್ತು? ಸ್ಟಾರ್ ಕಾಲ್‌ಶೀಟ್ ಸಿಕ್ಕಿತು ಅನ್ನುವ ಸುದ್ದಿ ಸಿನಿಮಾ ಆಫೀಸುಗಳಿರುವ ಗಾಂಧಿನಗರ ಮುಟ್ಟಿದರೆ ಸಾಕು. ಹಂಚಿಕೆದಾರರು ಮೈಸೂರು ಏರಿಯಾಗೆ ಇಷ್ಟು, ಬಾಂಬೆ ಕರ್ನಾಟಕಕ್ಕೆ ಇಷ್ಟು ಅಂತ ಮುಂಗಡ ಕೊಡುತ್ತಿದ್ದರು. ಆ ಮುಂಗಡದಲ್ಲಿ ಸಿನಿಮಾ ಆಗುತ್ತಿತ್ತು. ಕಡಿಮೆ ಬಿದ್ದರೆ ಫೈನಾನ್ಸ್, ಅದಕ್ಕೆ ಬಡ್ಡಿ. ಹಾಗಾಗಿ ರಾಜ್‌ಕುಮಾರ್ ಸಹಿ ಬಿದ್ದ ಕಾಗದ ಅಂದರೆ ಬ್ಯಾಂಕಿನ ಚೆಕ್ ಇದ್ದ ಹಾಗೆ. ಬಂಡವಾಳವೇ ಅದು.

ಈಗ ಒಬ್ಬ ಬುದ್ಧಿವಂತೆ ಹೆಣ್ಣುಮಗಳು ಇದನ್ನು ಇಪ್ಪತ್ತು ವರ್ಷ ಪಕ್ಕದಲ್ಲೇ ಕೂತು ನೋಡಿದ್ದಾರೆ. ಗಂಡನಿಗೆ ಸಿಗುವುದು ಸಂಭಾವನೆ. ಗಂಡನ ಹೆಸರಿನ ಮೇಲೆ ಹುಟ್ಟುವ ದುಡ್ಡು ಹೋಗುವುದು ಬೇರೆಯವರ ಮನೆಗೆ. ಹಾಗಾದರೆ ಆ ಚೆಕ್ಕನ್ನು ನಾವೇ ಯಾಕೆ ನಗದು ಮಾಡಿಕೊಳ್ಳಬಾರದು? 'ತ್ರಿಮೂರ್ತಿ' ಅಲ್ಲಿಂದ ಹುಟ್ಟಿತು ಅಂತ ನನ್ನ ಎಣಿಕೆ. 1978ರಲ್ಲಿ 'ಶಂಕರ್ ಗುರು', ಅಣ್ಣಾವ್ರದು ಮೂರು ಪಾತ್ರ, ನಮ್ಮ ಡೇರೆಯಲ್ಲಿ ಮೂರು ಸಲ ತರಿಸಿದ್ದೆವು. ಮೂರನೇ ಸಲ ಬಂದ ಪ್ರಿಂಟು ಗೆರೆ ಬಿದ್ದು ಬಿದ್ದು ಮಳೆ ಸುರಿದ ಹಾಗೆ ಕಾಣುತ್ತಿತ್ತು. ಜನ ಅದಕ್ಕೂ ಶಿಳ್ಳೆ ಹೊಡೆದರು.

ಆಮೇಲೆ ಬರೀ ನಿರ್ಮಾಣಕ್ಕೆ ನಿಲ್ಲಲಿಲ್ಲ. ಹಂಚಿಕೆಯೂ ಮನೆಯದೇ, ವಜ್ರೇಶ್ವರಿ ಕಂಬೈನ್ಸ್. ಚಿಕ್ಕಪ್ಪ ಗಾಂಧಿನಗರಕ್ಕೆ ಹೋಗಿ ಪ್ರಿಂಟಿಗೆ ಕಾಯುತ್ತಿದ್ದುದು ನೆನಪಿದೆ. ಹಂಚಿಕೆದಾರರ ಕಡೆಯಿಂದ "ರೆಪ್" ಅಂತ ಒಬ್ಬ ರೀಲ್ ಡಬ್ಬದ ಜೊತೆಗೇ ಬರುತ್ತಿದ್ದ. ಟಿಕೆಟ್ ಕೌಂಟರ್ ಪಕ್ಕ ಸ್ಟೂಲ್ ಹಾಕಿಕೊಂಡು ಕೂರುತ್ತಿದ್ದ. ರಾತ್ರಿ ಎರಡನೇ ಆಟ ಮುಗಿದ ಮೇಲೆ ಡಿ.ಸಿ.ಆರ್., ಅಂದರೆ ಆ ದಿನದ ಕಲೆಕ್ಷನ್ ಲೆಕ್ಕ, ಬರೆಯದೆ ಮಲಗುತ್ತಿರಲಿಲ್ಲ. ಎಷ್ಟು ಟಿಕೆಟ್ ಹರಿದಿದೆ, ನೆಲ ಎಷ್ಟು, ಬೆಂಚು ಎಷ್ಟು, ಎಲ್ಲ. ಆ ಚೀಟಿ ಬೆಂಗಳೂರು ಮುಟ್ಟುತ್ತಿತ್ತು. ಅಂದರೆ ಯಾವ ಊರಿನ ಜನ ಯಾವ ಚಿತ್ರಕ್ಕೆ ಎಷ್ಟು ದಿನ ಬಂದರು ಅನ್ನುವುದು ಮುಂದಿನ ಕತೆ ಒಪ್ಪುವವರ ಕಣ್ಣೆದುರಿಗೇ ಇರುತ್ತಿತ್ತು. ಬೇರೆ ಯಾವ ಸ್ಟಾರ್ ಮನೆಗೆ ಈ ಅನುಕೂಲ ಇತ್ತು ಹೇಳಿ?

ಲೆಕ್ಕದ ಮೇಷ್ಟ್ರು · ರಾತ್ರಿ 10:38

ಟಾಕೀಸ್ ಅವರೇ, ಇದಕ್ಕೇ ಈ ಪ್ರಶ್ನೆ ಹಾಕಿದ್ದು. "ಕಾಲ್‌ಶೀಟ್ ಅಂದರೆ ಚೆಕ್ಕು", ಸಾಲು ಬರೆದಿಟ್ಟುಕೊಂಡೆ.

ಬರ್‌ಬ್ಯಾಂಕ್ ಬಾಬು · ಭಾನುವಾರ ಬೆಳಗ್ಗೆ 6:05

ನಾನಿರುವ ಹಾಲಿವುಡ್ ಕಡೆಯಿಂದ ಸ್ವಲ್ಪ ಸರಕು ಹಾಕುತ್ತೇನೆ. ಇಲ್ಲಿ ಏಜೆಂಟ್ ಅನ್ನುವುದು ಬೈಗುಳ ಅಲ್ಲ ಗಾಳಿಯವರೇ, ಲೈಸೆನ್ಸ್ ಇರುವ ಕಸುಬು. ಸಾಮಾನ್ಯವಾಗಿ ಕಲಾವಿದನ ಗಳಿಕೆಯಲ್ಲಿ 10 ಪರ್ಸೆಂಟ್. ಏಜೆಂಟಾಗಿದ್ದುಕೊಂಡೇ ನಿರ್ಮಾಪಕರಾದವರ ಕತೆಯೂ ಇಲ್ಲಿ ಹಳೆಯದು.

ಚಾರ್ಲ್ಸ್ ಫೆಲ್ಡ್‌ಮನ್ ಅಂತ ಒಬ್ಬ. ವಕೀಲ. 1930ರ ದಶಕದಲ್ಲಿ ಏಜೆನ್ಸಿ ತೆರೆದ, ಮುಂದೆ ಅದು ಫೇಮಸ್ ಆರ್ಟಿಸ್ಟ್ಸ್ ಅಂತ ಹೆಸರಾಯಿತು. ಆತನ ಜಾಣತನ ಏನಂದರೆ ಒಬ್ಬ ನಟನನ್ನು ಸ್ಟುಡಿಯೋಗೆ ಮಾರುವ ಬದಲು ಕತೆಯ ಹಕ್ಕು ತಾನೇ ಕೊಳ್ಳುತ್ತಿದ್ದ. ಅದಕ್ಕೆ ತನ್ನ ಕಡೆಯ ಬರಹಗಾರ, ತನ್ನ ಕಡೆಯ ನಿರ್ದೇಶಕ, ತನ್ನ ಕಡೆಯ ನಟರನ್ನು ಸೇರಿಸುತ್ತಿದ್ದ. ಒಂದೇ ಬುಟ್ಟಿಯಲ್ಲಿ ಇಟ್ಟು ಮಾರುತ್ತಿದ್ದ. ಅದಕ್ಕೆ ಇಲ್ಲಿ ಪ್ಯಾಕೇಜ್ ಅಂತಾರೆ. ಆಮೇಲೆ ತಾನೇ ನಿರ್ಮಾಪಕನಾದ. 1951ರ 'ಎ ಸ್ಟ್ರೀಟ್‌ಕಾರ್ ನೇಮ್ಡ್ ಡಿಸೈರ್' ಆತನದು, ನಟನೆಗೇ ಮೂರು ಆಸ್ಕರ್ ಬಂದವು. 1955ರ 'ದಿ ಸೆವೆನ್ ಇಯರ್ ಇಚ್' ಕೂಡ ಆತನದೇ. ಅದರ ಶೂಟಿಂಗ್ ನಡೆಯುವಾಗ ಮರ್ಲಿನ್ ಮನ್ರೋ ಆತನ ಏಜೆನ್ಸಿಯ ಕಲಾವಿದೆ. ನೋಡಿ ಮಜಾ! ಅವಳಿಗೆ ಹೆಚ್ಚು ದುಡ್ಡು ಕೊಡಿಸಬೇಕಾದವನೂ ಅವನೇ, ಕಡಿಮೆ ಕೊಟ್ಟರೆ ಉಳಿತಾಯ ಆಗುವವನೂ ಅವನೇ.

ಇನ್ನೊಬ್ಬ ಲೂ ವಾಸರ್‌ಮನ್. ಎಂಸಿಎ ಏಜೆನ್ಸಿಯ ಯಜಮಾನ. 1950ರಲ್ಲಿ ಜೇಮ್ಸ್ ಸ್ಟುವರ್ಟ್‌ಗೆ 'ವಿಂಚೆಸ್ಟರ್ 73' ಚಿತ್ರಕ್ಕೆ ಮಾಮೂಲಿ ಸಂಭಾವನೆ ಬದಲು ಲಾಭದಲ್ಲಿ ಪಾಲು ಮಾತಾಡಿಸಿದ. ಆಮೇಲೆ ಎಂಸಿಎ ಟಿವಿ ಕಾರ್ಯಕ್ರಮಗಳನ್ನೂ ಮಾಡತೊಡಗಿತು. ಏಜೆಂಟ್ ನಿರ್ಮಾಣ ಮಾಡಬಾರದು ಅಂತ ನಟರ ಸಂಘದ ನಿಯಮ ಇತ್ತು. 1952ರಲ್ಲಿ ಸಂಘ ಅವರಿಗೆ ವಿನಾಯಿತಿ ಕೊಟ್ಟಿತು. ಆಗ ಸಂಘದ ಅಧ್ಯಕ್ಷ ಯಾರು ಗೊತ್ತಾ? ರೊನಾಲ್ಡ್ ರೇಗನ್. ಅವರು ಎಂಸಿಎಯ ಕಲಾವಿದರೂ ಹೌದು.

ಹತ್ತು ವರ್ಷ ಹೀಗೇ ನಡೆಯಿತು. 1962ರಲ್ಲಿ ಎಂಸಿಎ ಡೆಕ್ಕಾ ರೆಕಾರ್ಡ್ಸ್ ಕೊಂಡು ಅದರ ಜೊತೆ ಯೂನಿವರ್ಸಲ್ ಸ್ಟುಡಿಯೋವನ್ನೂ ಪಡೆಯಿತು. ಆಗ ಸರ್ಕಾರದ ನ್ಯಾಯ ಇಲಾಖೆ ಬಂದು ನಿಂತಿತು. ಏಜೆನ್ಸಿಯೋ, ಸ್ಟುಡಿಯೋವೋ, ಒಂದನ್ನು ಬಿಡಿ ಅಂತು. ಅವರು ಏಜೆನ್ಸಿ ಬಿಟ್ಟರು. ಅದೇ ವರ್ಷ ಫೆಲ್ಡ್‌ಮನ್ ಕೂಡ ಏಜೆನ್ಸಿ ಮಾರಿ ಪೂರ್ತಿ ನಿರ್ಮಾಪಕನಾದ.

ಮೆಜೆಸ್ಟಿಕ್ ಮೂಲೆ · ಬೆಳಗ್ಗೆ 8:47

ಬಾಬು, ಚೆನ್ನಾಗಿದೆ. ಆದರೆ ನಮ್ಮಲ್ಲಿ ನ್ಯಾಯ ಇಲಾಖೆ ಬರಲ್ಲ, ನೆಂಟರು ಬರ್ತಾರೆ 😄

ಲೆಕ್ಕದ ಮೇಷ್ಟ್ರು · ಬೆಳಗ್ಗೆ 9:15

ಬಾಬು ಅವರೇ, ಹಾಗಾದರೆ ಆ ತಕ್ಕಡಿಯಲ್ಲಿ ವಜ್ರೇಶ್ವರಿ ಇಟ್ಟರೆ? ಕಾಲ್‌ಶೀಟ್, ನಿರ್ಮಾಣ, ಹಂಚಿಕೆ, ಮೂರೂ ಒಂದೇ ಸೂರಿನ ಕೆಳಗೆ.

ಸಾಲಿಗ್ರಾಮದ ಸೊಸೆ · ಬೆಳಗ್ಗೆ 10:02

ಆ ತಕ್ಕಡಿಯೇ ಇಲ್ಲಿಗೆ ಹೊಂದಲ್ಲ ಮೇಷ್ಟ್ರೇ. ಏಜೆಂಟ್ ಮತ್ತು ಕಲಾವಿದನ ಜೇಬು ಬೇರೆ ಬೇರೆ ಇದ್ದಾಗ ಮೋಸದ ಮಾತು. ಇಲ್ಲಿ ಇದ್ದದ್ದು ಒಂದೇ ಜೇಬು. ಗಂಡನಿಗೆ ಕಡಿಮೆ ಕೊಟ್ಟು ಹೆಂಡತಿ ಉಳಿಸಿದರೆ ಆ ದುಡ್ಡು ಎಲ್ಲಿಗೆ ಹೋಯಿತು? ಅದೇ ಮನೆಯ ಅಡುಗೆಮನೆಗೆ.

ಇನ್ನೊಂದು ವಿಷಯ. ಪರ್ಸೆಂಟೇಜ್ ಮೇಲೆ ಬದುಕುವ ಏಜೆಂಟ್ ಇದ್ದಿದ್ದರೆ ಅಣ್ಣಾವ್ರು ಅಣ್ಣಾವ್ರಾಗಿ ಉಳೀತಿದ್ದರಾ? ಬೇರೆ ಭಾಷೆಯಲ್ಲಿ ಅವರು ಮಾಡಿದ್ದು 1954ರ ತೆಲುಗಿನ 'ಕಾಳಹಸ್ತಿ ಮಹಾತ್ಮ್ಯಂ' ಒಂದೇ. ಪರದೆ ಮೇಲೆ ಕುಡಿಯೋದು, ಸೇದೋದು ಬೇಡ ಅಂತ ಒಂದು ಗೆರೆ. ಜಾಹೀರಾತು ಅಂದರೆ ನಂದಿನಿ ಹಾಲು, ಅದೂ ದುಡ್ಡು ಮುಟ್ಟದೆ. 10 ಪರ್ಸೆಂಟ್ ಏಜೆಂಟ್ ಆಗಿದ್ದರೆ ಆ ದಿನ ಎದೆ ಹಿಡಿದುಕೊಂಡು ಕೂರುತ್ತಿದ್ದ. ಸೊನ್ನೆಯಲ್ಲಿ ಹತ್ತು ಪರ್ಸೆಂಟ್ ಎಷ್ಟು?

ಬೇಡ ಅನ್ನುವುದೇ ಈ ಕೆಲಸದಲ್ಲಿ ಕಷ್ಟದ ಭಾಗ. ಆ ಮನೆ ಅದನ್ನು ದಶಕಗಟ್ಟಲೆ ಮಾಡಿತು.

ಗಾಜನೂರು ಗಾಳಿ · ಬೆಳಗ್ಗೆ 10:06

👏👏 ಸೊನ್ನೆಯಲ್ಲಿ ಹತ್ತು ಪರ್ಸೆಂಟ್! ಅಕ್ಕಾ ನಮಸ್ಕಾರ.

ಮೆಜೆಸ್ಟಿಕ್ ಮೂಲೆ · ಬೆಳಗ್ಗೆ 11:30

ಒಂದೇ ಜೇಬು ಅನ್ನೋದು ಗಂಡನ ವಿಷಯದಲ್ಲಿ ಸರಿ. ಹೊರಗೆ ನಿಂತವರ ಕಡೆಯಿಂದ ಸ್ವಲ್ಪ ನೋಡಿ. ಎಪ್ಪತ್ತರ ದಶಕದ ಮೊದಲ ಭಾಗದಲ್ಲಿ ಅಣ್ಣಾವ್ರ ದೊಡ್ಡ ಚಿತ್ರಗಳು ಯಾರವು? 'ಕಸ್ತೂರಿ ನಿವಾಸ' ಕೆ.ಸಿ.ಎನ್. ಗೌಡರದು. 'ಗಂಧದ ಗುಡಿ' ಎಂ.ಪಿ. ಶಂಕರ್ ಅವರದು. ಹೊರಗಿನ ನಿರ್ಮಾಪಕರು ಬೆಳೆದರು, ಅವರಿಂದ ಅಣ್ಣಾವ್ರಿಗೂ ಬಗೆಬಗೆಯ ಪಾತ್ರ ಸಿಕ್ಕಿತು. ಎಂಬತ್ತರ ದಶಕಕ್ಕೆ ಬನ್ನಿ. ಮನೆಯವರ, ಮನೆಯ ಹತ್ತಿರದವರ ಬ್ಯಾನರ್‌ಗಳೇ ಎದ್ದು ಕಾಣುತ್ತವೆ. ಹೊರಗಿನವರೂ ಇದ್ದರು, 1983ರ 'ಕವಿರತ್ನ ಕಾಳಿದಾಸ' ಇದೆಯಲ್ಲ. ಆದರೆ ಬಾಗಿಲು ಚಿಕ್ಕದಾಯಿತು. ವರ್ಷಕ್ಕೆ ಅಣ್ಣಾವ್ರು ಮಾಡುತ್ತಿದ್ದದ್ದೇ ಎರಡೋ ಮೂರೋ. ಅದರಲ್ಲಿ ಮನೆಗೆ ಹೋದ ಮೇಲೆ ಉಳಿದದ್ದೆಷ್ಟು?

ಇದು ದೂರು ಅಲ್ಲ. ಅವರ ಸ್ವತ್ತು, ಅವರ ಇಷ್ಟ. ಆದರೆ ಲೆಕ್ಕ ಕೇಳಿದ್ದಾರಲ್ಲ ಮೇಷ್ಟ್ರು, ಲೆಕ್ಕದಲ್ಲಿ ಇದೂ ಬರಬೇಕು.

ಟೂರಿಂಗ್ ಟಾಕೀಸ್ · ಮಧ್ಯಾಹ್ನ 12:10

ಒಪ್ಪುತ್ತೇನೆ. ಆದರೆ ಮನೆಯ ಬ್ಯಾನರ್ ಅಂದರೆ ಸೇಫ್ ಆಟ ಅಂತ ತಿಳಿಯಬೇಡಿ. 1985ರಲ್ಲಿ 'ಬೆಟ್ಟದ ಹೂವು' ಮಾಡಿದ್ದು ಅದೇ ಪಾರ್ವತಮ್ಮ. ಎನ್. ಲಕ್ಷ್ಮೀನಾರಾಯಣ್ ನಿರ್ದೇಶನ, ಪುಸ್ತಕಕ್ಕೆ ಆಸೆಪಡುವ ಬಡ ಹುಡುಗನ ಕತೆ. ಅದರಲ್ಲಿ ಫೈಟು ಎಲ್ಲಿದೆ? ಪುನೀತ್‌ಗೆ ರಾಷ್ಟ್ರ ಪ್ರಶಸ್ತಿ ಬಂತು. 1995ರಲ್ಲಿ 'ಓಂ'. ನಿರ್ದೇಶಕ ಉಪೇಂದ್ರಗೆ ಅದು ಮೂರನೇ ಸಿನಿಮಾ. ದೊಡ್ಡ ಮನೆಯ ಹಿರಿಮಗನ ಕೈಗೆ ಮಚ್ಚು ಕೊಟ್ಟು, ನಿಜವಾದ ರೌಡಿಗಳನ್ನು ಕ್ಯಾಮೆರಾ ಮುಂದೆ ತಂದು ನಿಲ್ಲಿಸಿದ. ಇಮೇಜ್ ಕಾಯುವುದೇ ಕೆಲಸ ಅಂದುಕೊಂಡ ಯಾವ ಮ್ಯಾನೇಜರ್ ಆ ಕತೆಗೆ ಹೂಂ ಅನ್ನುತ್ತಿದ್ದ? ಅದು ಮತ್ತೆ ಮತ್ತೆ ಬಿಡುಗಡೆಯಾಗಿ ಓಡಿದ್ದು ನೂರಾರು ಸಲ. ಮರುವರ್ಷವೇ ನಾಗಾಭರಣ ಅವರನ್ನು ಕರೆದು 'ಜನುಮದ ಜೋಡಿ'. ಎರಡರಲ್ಲೂ ಹೀರೋ ಶಿವಣ್ಣ. ಆದರೆ ಒಂದಕ್ಕೂ ಇನ್ನೊಂದಕ್ಕೂ ಅಜಗಜಾಂತರ.

ಇದನ್ನು ಏಜೆಂಟ್ ಕೆಲಸ ಅನ್ನಬಹುದು ನೋಡಿ. ಕಲಾವಿದನ ಮುಂದಿನ ಹತ್ತು ವರ್ಷ ಕಣ್ಣಿಗೆ ಕಾಣಬೇಕು.

ಸಾಲಿಗ್ರಾಮದ ಸೊಸೆ · ಮಧ್ಯಾಹ್ನ 12:34

ಹೀರೋಯಿನ್‌ಗಳನ್ನು ಮರೆತಿರಿ! 'ಆನಂದ್' 1986, ಸುಧಾರಾಣಿ. 'ನಂಜುಂಡಿ ಕಲ್ಯಾಣ' 1989, ಮಾಲಾಶ್ರೀ. 'ಅಪ್ಪು' 2002, ರಕ್ಷಿತಾ. 'ಅಭಿ' 2003, ರಮ್ಯಾ. ಕನ್ನಡದ ಮೂರು ತಲೆಮಾರಿನ ನಾಯಕಿಯರು ಒಂದೇ ಬಾಗಿಲಿನಿಂದ ಒಳಗೆ ಬಂದರು. ರಕ್ಷಿತಾ ತಂದೆ ಬಿ.ಸಿ. ಗೌರಿಶಂಕರ್ 'ಓಂ'ಗೆ ಕ್ಯಾಮೆರಾ ಹಿಡಿದವರು. ಅಪ್ಪ ಕೆಲಸ ಮಾಡಿದ ಬ್ಯಾನರಿನಲ್ಲೇ ಮಗಳು ನಾಯಕಿ. ನಮ್ಮತ್ತೆ ಹೇಳುತ್ತಿದ್ದರು, "ಪಾರ್ವತಮ್ಮ ಸೊಸೆ ನೋಡೋ ಕಣ್ಣಲ್ಲಿ ಹೀರೋಯಿನ್ ನೋಡ್ತಾರೆ" ಅಂತ.

ಆಡಿಷನ್ ಅಕ್ಕ · ಮಧ್ಯಾಹ್ನ 2:18

ಇಷ್ಟು ಹೊತ್ತು ಸುಮ್ನೆ ಓದುತ್ತಿದ್ದೆ. ಹೀರೋಯಿನ್ ವಿಷಯ ಬಂತು, ಇನ್ನು ಸುಮ್ಮನಿರಲು ಆಗಲ್ಲ. ನಾನು ಬೆಂಗಳೂರಿನಲ್ಲಿ ಕಾಸ್ಟಿಂಗ್ ಕೋ-ಆರ್ಡಿನೇಟರ್. ನಾಲ್ಕೈದು ಹುಡುಗಿಯರ ಡೇಟ್ಸ್ ಕೂಡ ನೋಡಿಕೊಳ್ಳುತ್ತೇನೆ.

ಆ ಬಾಗಿಲಿನಿಂದ ಒಳಗೆ ಬಂದದ್ದು ನಿಜ. ಬಂದ ಮೇಲೆ? ಮಾಲಾಶ್ರೀ ಅವರನ್ನೇ ತಗೊಳ್ಳಿ. ಅದೇ 1989ರಲ್ಲಿ 'ಗಜಪತಿ ಗರ್ವಭಂಗ'. ಆಮೇಲೆ ಅವರು ಪೊಲೀಸ್ ಡ್ರೆಸ್ ಹಾಕಿ, ತಮ್ಮ ಹೆಸರಿನ ಮೇಲೇ ಸಿನಿಮಾ ಓಡಿಸಿದ ಕಾಲ ಬಂತಲ್ಲ, ಅಷ್ಟೂ ಹೊರಗೆ. ಆ ಮನೆ ಅದರಲ್ಲಿ ಪಾಲು ಕೇಳಲಿಲ್ಲ, ಸರಿ. ಫೆಲ್ಡ್‌ಮನ್ ಆಗಿದ್ದರೆ ಬಿಡುತ್ತಿದ್ದನಾ? ಇದು ದೊಡ್ಡತನ ಅಂತ ನೀವು ಹೇಳಬಹುದು.

ನನಗೆ ಇನ್ನೊಂದು ಮುಖ ಕಾಣುತ್ತದೆ. ನಿಜವಾದ ಏಜೆಂಟ್ ಕೆಲಸ, ಅಂದರೆ ಕತೆ ಕೇಳೋದು, ಬೇಡದ್ದಕ್ಕೆ ಬೇಡ ಅನ್ನೋದು, ಮುಂದಿನ ಹತ್ತು ವರ್ಷ ಯೋಚಿಸೋದು, ಅದೆಲ್ಲ ಸಿಕ್ಕಿದ್ದು ಗಂಡನಿಗೆ ಮತ್ತು ಮೂರು ಗಂಡುಮಕ್ಕಳಿಗೆ. ಹುಡುಗಿಯರಿಗೆ ಸಿಕ್ಕಿದ್ದು ಒಳ್ಳೆಯ ಶುರು. ಆಮೇಲೆ ಅವರ ಜೊತೆ ಇದ್ದವರು ಅಮ್ಮನೋ, ಅಪ್ಪನೋ, ಅಣ್ಣನೋ. ಅವರಿಗೆ ಗಾಂಧಿನಗರದ ಮಗ್ಗಲು ಗೊತ್ತಿರಲಿಲ್ಲ. ಇದು ಪಾರ್ವತಮ್ಮನವರ ತಪ್ಪು ಅಲ್ಲ, ಅವರೇನು ಏಜೆನ್ಸಿ ಬೋರ್ಡ್ ಹಾಕಿರಲಿಲ್ಲ. ಆದರೆ ಅಷ್ಟು ಚೆನ್ನಾಗಿ ಆ ಕೆಲಸ ಬಲ್ಲವರು ಬೋರ್ಡ್ ಹಾಕಿದ್ದಿದ್ದರೆ ಅಂತ ನನಗೆ ಹೊಟ್ಟೆ ಉರಿಯುತ್ತದೆ.

ನನ್ನ ಕತೆ ಕೇಳಿ. ಎರಡು ವರ್ಷದ ಹಿಂದೆ ಒಂದು ನಿರ್ಮಾಣ ಸಂಸ್ಥೆ, ಹೆಸರು ಬೇಡ, ನನ್ನ ಹುಡುಗಿಯೊಬ್ಬಳನ್ನು ಆರಿಸಿತು. 40 ದಿನ ಅಂತ ಮಾತು. 61 ದಿನ ಆಯಿತು. ಜಾಸ್ತಿ ದಿನದ ದುಡ್ಡು ಕೇಳಲು ಹೋದೆ. ಅಲ್ಲಿದ್ದವರು ನಗುತ್ತಾ "ನಮ್ಮ ಮನೆ ಮಗಳಿದ್ದ ಹಾಗೆ ಅವಳು, ಲೆಕ್ಕ ಯಾಕೆ" ಅಂದರು. ಈ "ಮನೆ ಮಗಳು" ಅನ್ನೋ ಮಾತು ಕೇಳಿದರೆ ಈಗ ನಾನು ಮೊದಲು ಕ್ಯಾಲೆಂಡರ್ ತೆಗೆಯುತ್ತೇನೆ. ಅಣ್ಣಾವ್ರ ಮನೆಯಲ್ಲಿ ಮನೆ ಅನ್ನೋದು ನಿಜವಾಗಿ ಮನೆ ಆಗಿತ್ತು. ಆ ಮಾತನ್ನು ಕಲಿತ ಉಳಿದವರು ಅದನ್ನು ಡಿಸ್ಕೌಂಟ್ ಕೂಪನ್ ಮಾಡಿಕೊಂಡರು.

ಲೆಕ್ಕದ ಮೇಷ್ಟ್ರು · ಮಧ್ಯಾಹ್ನ 2:40

21 ದಿನದ ದುಡ್ಡು ಬಂತಾ ಕೊನೆಗೆ?

ಆಡಿಷನ್ ಅಕ್ಕ · ಮಧ್ಯಾಹ್ನ 2:43

ಅರ್ಧ ಬಂತು. ಒಂದು ರೇಷ್ಮೆ ಸೀರೆ ಬಂತು. ಸೀರೆ ಅವಳಿಗೂ ಇಷ್ಟ ಆಗಲಿಲ್ಲ, ಅವಳ ಅಮ್ಮನಿಗೂ ಆಗಲಿಲ್ಲ.

ಮೆಜೆಸ್ಟಿಕ್ ಮೂಲೆ · ಮಧ್ಯಾಹ್ನ 3:01

ಸೀರೆಯಲ್ಲಿ ಹತ್ತು ಪರ್ಸೆಂಟ್ ಎಷ್ಟು ಅಂತ ಅಕ್ಕ ಹೇಳಬೇಕು. ಸೆರಗು ಬರುತ್ತಾ?

ಆಡಿಷನ್ ಅಕ್ಕ · ಮಧ್ಯಾಹ್ನ 3:02

ಫಾಲ್ಸ್ ಬರುತ್ತೆ.

ಗಾಜನೂರು ಗಾಳಿ · ಸಂಜೆ 4:25

ಅಕ್ಕ ಹೇಳಿದ್ದು ಮೊದಲು ಕೋಪ ತರಿಸಿತು, ಆಮೇಲೆ ಇನ್ನೊಂದು ಸಲ ಓದಿದೆ. "ಗಂಡನಿಗೆ ಮತ್ತು ಮೂರು ಗಂಡುಮಕ್ಕಳಿಗೆ" ಅನ್ನೋದಕ್ಕೆ ಒಂದು ಸೇರಿಸಿ. ತವರಿನವರಿಗೂ ದಾರಿ ಆಯಿತು. ತಮ್ಮ ಚಿನ್ನೇಗೌಡರು ನಿರ್ಮಾಪಕರಾದರು. ಅವರ ಮಕ್ಕಳು ವಿಜಯ ರಾಘವೇಂದ್ರ, ಶ್ರೀಮುರಳಿ. ಒಂದು ಮನೆಯಿಂದ ಅರ್ಧ ಇಂಡಸ್ಟ್ರಿ.

ಮೆಜೆಸ್ಟಿಕ್ ಮೂಲೆ · ಸಂಜೆ 4:31

ಅದನ್ನೇ ತಾನೇ ನಾನು ಬೆಳಗ್ಗೆಯಿಂದ ಹೇಳ್ತಿರೋದು!

ಬರ್‌ಬ್ಯಾಂಕ್ ಬಾಬು · ಸಂಜೆ 7:50

ಈಗ ಎದ್ದೆ. ಆಡಿಷನ್ ಅಕ್ಕನ ಮಾತಿಗೆ ಒಂದು ಜೋಡಣೆ. ಬೋರ್ಡ್ ಹಾಕಿದ ಏಜೆನ್ಸಿ ಇದ್ದರೆ ಎಲ್ಲ ಸರಿಹೋಗುತ್ತೆ ಅಂದುಕೊಳ್ಳಬೇಡಿ. 2019ರ ಏಪ್ರಿಲ್‌ನಲ್ಲಿ ಇಲ್ಲಿ ಸಾವಿರಾರು ಬರಹಗಾರರು ಒಟ್ಟಿಗೆ ತಮ್ಮ ಏಜೆಂಟರನ್ನು ಕೈಬಿಟ್ಟರು. ಯಾಕೆ? ದೊಡ್ಡ ಏಜೆನ್ಸಿಗಳು ಬರಹಗಾರನಿಂದ 10 ಪರ್ಸೆಂಟ್ ತಗೊಳ್ಳುವ ಬದಲು ಸ್ಟುಡಿಯೋದಿಂದಲೇ ಪ್ಯಾಕೇಜ್ ಫೀಸು ತಗೊಳ್ಳುತ್ತಿದ್ದವು. ಬರಹಗಾರನಿಗೆ ಜಾಸ್ತಿ ಸಿಕ್ಕರೂ ಕಡಿಮೆ ಸಿಕ್ಕರೂ ಏಜೆಂಟ್‌ಗೆ ತನ್ನ ಪಾಲು ಬಂದೇ ಬರುತ್ತಿತ್ತು. ಜೊತೆಗೆ ಏಜೆನ್ಸಿಗಳಿಗೆ ಅಂಟಿಕೊಂಡ ನಿರ್ಮಾಣ ಕಂಪನಿಗಳು ಬೇರೆ. ಫೆಲ್ಡ್‌ಮನ್ ಕಾಲದ ಅದೇ ಜಗಳ. ಸುಮಾರು ಎರಡು ವರ್ಷ ಎಳೆದಾಡಿ ಏಜೆನ್ಸಿಗಳು ಒಪ್ಪಿದವು. ಪ್ಯಾಕೇಜ್ ಫೀಸು ನಿಲ್ಲಬೇಕು, ನಿರ್ಮಾಣ ಕಂಪನಿಯಲ್ಲಿ ಅವರ ಪಾಲು 20 ಪರ್ಸೆಂಟ್ ದಾಟಬಾರದು ಅಂತ ತೀರ್ಮಾನ.

ಅಂದರೆ ಮನೆ ನಂಬಿದರೂ ಕಷ್ಟ, ಆಫೀಸು ನಂಬಿದರೂ ಕಷ್ಟ. ಕ್ಯಾಲೆಂಡರ್ ತೆಗೆಯುವ ಅಕ್ಕನೇ ವಾಸಿ.

ಟೂರಿಂಗ್ ಟಾಕೀಸ್ · ರಾತ್ರಿ 8:15

ಪಾರ್ವತಮ್ಮನವರು ತೀರಿಕೊಂಡದ್ದು 2017ರ ಮೇ 31. ಕಂಠೀರವ ಸ್ಟುಡಿಯೋದಲ್ಲಿ ಅಣ್ಣಾವ್ರ ಪಕ್ಕ. ಆ ದಿನ ನಾನು ಅಲ್ಲಿ ಸಾಲಿನಲ್ಲಿ ನಿಂತಿದ್ದೆ. ಪಕ್ಕದಲ್ಲಿ ಬಿಳಿ ಶರ್ಟಿನ ಒಬ್ಬ ಮುದುಕ. ಮಾತಾಡುತ್ತಾ ಗೊತ್ತಾಯಿತು, ಹಳೇ ರೆಪ್. ಊರೂರು ಡಬ್ಬ ಹೊತ್ತುಕೊಂಡು ತಿರುಗಿದವನು. "ಲೆಕ್ಕ ಒಂದು ರೂಪಾಯಿ ತಪ್ಪಿದರೂ ಸಿಕ್ಕಿಬೀಳುತ್ತಿದ್ದೆವು ಸಾರ್, ಆದರೆ ಊಟ ಆಯಿತಾ ಅಂತ ಕೇಳದೆ ಲೆಕ್ಕ ಕೇಳುತ್ತಿರಲಿಲ್ಲ" ಅಂದ. ನಮ್ಮ ಚಿಕ್ಕಪ್ಪನ ಡೇರೆಗೂ ಬಂದಿದ್ದನಂತೆ. ನನಗೆ ಮುಖ ನೆನಪಾಗಲಿಲ್ಲ, ಅವನಿಗೆ ಡೇರೆ ನೆನಪಿತ್ತು.

ಲೆಕ್ಕದ ಮೇಷ್ಟ್ರು · ರಾತ್ರಿ 9:05

ಎಲ್ಲರ ಉತ್ತರವನ್ನೂ ಮಗಳಿಗೆ ಫೋನಿನಲ್ಲಿ ಓದಿ ಹೇಳಿದೆ. ಅರ್ಧ ಗಂಟೆ ಹಿಡಿಯಿತು. ಸೀರೆ ಫಾಲ್ಸ್ ಜಾಗದಲ್ಲಿ ಬಿದ್ದು ಬಿದ್ದು ನಕ್ಕಳು. ಆಮೇಲೆ ಕೇಳಿದ್ದು ಒಂದೇ. "ಅಪ್ಪಾ, ಆ ಕಾಲದ ಕರಾರು ಪತ್ರ ಯಾರ ಹತ್ತಿರವಾದರೂ ಇದೆಯಾ? ಒಂದೇ ಒಂದು ಹಾಳೆ ಸಾಕು. ಕಾಲ್‌ಶೀಟ್ ಅಂತ ಏನು ಬರೆಯುತ್ತಿದ್ದರು ನೋಡಬೇಕು."

ಟೂರಿಂಗ್ ಟಾಕೀಸ್ · ರಾತ್ರಿ 9:22

ಕಾಲ್‌ಶೀಟ್ ನಮ್ಮಂಥವರ ಹತ್ತಿರ ಎಲ್ಲಿಂದ ಬರಬೇಕು ಮೇಷ್ಟ್ರೇ. ಚಿಕ್ಕಪ್ಪನ ಟ್ರಂಕಿನಲ್ಲಿ ಒಂದು ಡಿ.ಸಿ.ಆರ್. ಪ್ಯಾಡು ಇದೆ, ಅರ್ಧ ಇಲಿ ತಿಂದಿದೆ. ಕಾರ್ಬನ್ ಹಾಳೆ ಇನ್ನೂ ಕೈಗೆ ನೀಲಿ ಹತ್ತುತ್ತದೆ. ನಾಳೆ ಬೆಳಕಿನಲ್ಲಿ ಫೋಟೋ ತೆಗೆದು ಹಾಕುತ್ತೇನೆ. ನೆಲದ ಟಿಕೆಟ್ ಲೆಕ್ಕ ನೋಡಿದರೆ ಮಗಳಿಗೆ ಮಜಾ ಬರಬಹುದು.